ಮಲ್ಲಮ್ಮನ ಮೌನ

ಡಾಕ್ಯುಮೆಂಟರಿಯಲ್ಲಿ ಯಾರಾದರೂ ಬಹಳ ಹೊತ್ತು ಸುಮ್ಮನೆ ಕೂತಿದ್ದರೆ ತಕ್ಷಣ ಮರುಗಲು ಹೋಗಬೇಡಿ. ಸಂದರ್ಶನ ಮುಗಿದ ಮೇಲೆ, ಆ ಜಾಗದ ಬರೀ ಸದ್ದನ್ನು ಹಿಡಿಯಲು ಸೌಂಡಿನವನು ಎಲ್ಲರನ್ನೂ ಸ್ವಲ್ಪ ಹೊತ್ತು ಬಾಯಿ ಮುಚ್ಚಿಸಿ ಕೂರಿಸುತ್ತಾನೆ. ನಮ್ಮಂಥ ಎಡಿಟರುಗಳಿಗೆ ಅದೇ ಚಿನ್ನ.

ಪುಣೆಯ ಹಡಪಸರದಲ್ಲಿ ಏಳುತ್ತಿದ್ದ ಕಟ್ಟಡವೊಂದರಲ್ಲಿ ಇಟ್ಟಿಗೆ ಹೊರುವ, ಯಾದಗಿರಿ ಕಡೆಯ ಮಲ್ಲಮ್ಮ ಕ್ಯಾಮೆರಾ ಮುಂದೆ ಪಟಪಟ ಮಾತಾಡಿದ್ದಳು. ಮೇಸ್ತ್ರಿಯನ್ನು ಅಣಕಿಸಿದ್ದಳು, ಸಾರಿಗೂ ಬೆಲ್ಲ ಹಾಕುವ ಪುಣೆಯವರನ್ನು ಬೈದಿದ್ದಳು, ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು. ನಮ್ಮ ಮರಾಠಿ ನಿರ್ದೇಶಕರಿಗೆ ಅದೊಂದೂ ಬೇಡ. "ಇದರಲ್ಲಿ ನೋವೇ ಇಲ್ಲವಲ್ಲ!" ಎಂದರು. ಕೊನೆಗೆ ಸದ್ದು ಹಿಡಿಯಲು ಸೌಂಡಿನವನು ಬಾಯಿ ಮುಚ್ಚಿಸಿದಾಗ ಅವಳು ಸುಮ್ಮನೆ ಕೂತಿದ್ದ ಶಾಟ್ ಹಾಕಿ, ಕೆಳಗೆ ಒಂದಿಷ್ಟು ಸಾರಂಗಿ ಎಳೆದೆ. ನಿರ್ದೇಶಕರು ಕಣ್ಣೊರೆಸಿಕೊಂಡರು.

ಪ್ರದರ್ಶನದ ದಿನ ಮಲ್ಲಮ್ಮನನ್ನೇ ವೇದಿಕೆಗೆ ಕರೆಸಿ ಮೈಕು ಕೊಟ್ಟರು. ತರ್ಜುಮೆಗೆಂದು ಪಕ್ಕದಲ್ಲಿ ನನ್ನನ್ನು ನಿಲ್ಲಿಸಿದರು. ಕತ್ತರಿ ಹಾಕಿದವನು ನಾನೇ ಎಂದು ಅವಳಿಗೆ ಮೊದಲೇ ಹೇಳಿಬಿಟ್ಟಿದ್ದೆ.

"ಅಣ್ಣಾರ, ನಾ ಅಷ್ಟೆಲ್ಲಾ ಮಾತಾಡೀನಿ, ಒಂದೂ ಇಲ್ಲಲ್ರಿ! ಬಾಯಿ ಮುಚ್ಕೊಂಡು ಕೂಡು ಅಂದಿದ್ದು ಅಷ್ಟ ತೋರ್ಸೀರಿ. ನಾ ಏನ್ ಮೂಕಿ ಏನ್ರಿ?"

ಆ ಸಭೆಯಲ್ಲಿ ಕನ್ನಡ ಬರುತ್ತಿದ್ದುದು ನಮ್ಮಿಬ್ಬರಿಗೇ; ಅವಳಿಗೋ ಮರಾಠಿ ಬಾರದು. ಏನಂತೆ ಎಂದು ನಿರ್ದೇಶಕರು ಕೇಳಿದರು.

"ನನ್ನ ಮೌನವೇ ಎಲ್ಲವನ್ನೂ ಹೇಳಿದೆ ಅಂತಿದ್ದಾರೆ," ಎಂದು ಮರಾಠಿಯಲ್ಲಿ ಒಪ್ಪಿಸಿದೆ.

ಸಭೆಗೆ ಸಭೆಯೇ ಎದ್ದು ನಿಂತು ಚಪ್ಪಾಳೆ ತಟ್ಟಿತು. ಮಲ್ಲಮ್ಮ ಗೆದ್ದವಳ ಹಾಗೆ ನನ್ನತ್ತ ತಿರುಗಿದಳು.

"ನೋಡಿದ್ರೇನ್ರಿ? ಮಂದಿಗೆಲ್ಲಾ ನನ್ನ ಮಾತ ಖರೆ ಅನಿಸ್ತು!"