ಜಂಪರದ ಹಿಂಬದಿ

ನಮ್ಮ ಕಡೆಯ ಹೆಂಗಸರು ಬಟ್ಟೆಯನ್ನು ಮೊದಲು ತಿರುವಿ ನೋಡುತ್ತಾರೆ. ಅಂಗಡಿಯವನು ಸೆರಗು ಹರಡಿ, ಬಣ್ಣ ಹೊಗಳಿ, ಬೆವರು ಒರೆಸಿಕೊಳ್ಳುವಷ್ಟರಲ್ಲಿ ಅವರ ಕೈ ಸೆರಗಿನ ಹಿಂಬದಿಗೆ ಹೋಗಿರುತ್ತದೆ. ಇದು ಅನುಮಾನದ ಸ್ವಭಾವ ಎಂದೇ ನಾನು ತಿಳಿದಿದ್ದೆ. ಪಾಲಿಟೆಕ್ನಿಕ್ಕಿನಲ್ಲಿ ಕಂಪ್ಯೂಟರ್ ಪಾಠ ಹೇಳುವ ನನಗೆ ಮುಂಬದಿ ಚೆಂದವಿದ್ದರೆ ಸಾಕಾಗಿತ್ತು. ನನ್ನ ಅಂಗಿಗಳನ್ನು ನೋಡಿದವರು ಅದೂ ಬೇಕಾಗಿತ್ತೋ ಇಲ್ಲವೋ ಎಂದು ಕೇಳುತ್ತಾರೆ, ಆ ಮಾತು ಬೇರೆ.

ನನ್ನ ತಂಗಿ ಕಸ್ತೂರಿ ವಿಜಯಪುರದ ಸ್ಟೇಷನ್ ರಸ್ತೆಯ ಒಳಗಿನ ಓಣಿಯಲ್ಲಿ ಜಂಪರ, ಅಂದರೆ ರವಿಕೆ, ಹೊಲಿಯುವ ಅಂಗಡಿ ಇಟ್ಟಿದ್ದಾಳೆ. ಟಿಕೋಟಾದಲ್ಲಿ ಅಂಗಡಿ ಮುಚ್ಚಿದವರೊಬ್ಬರಿಂದ, ಕಂಪ್ಯೂಟರಿಗೆ ಜೋಡಿಸುವ ಹಳೆಯ ಕಸೂತಿ ಮಷೀನು ತಂದಳು. ಅದರಲ್ಲಿ ಮೊದಲು ಹಾಕಿದ ದೊಡ್ಡ ಕೆಲಸವೆಂದರೆ ನಿಡೋಣಿಯ ಗುರುಬಾಯಿ ಆಯಿಯ ಮೊಮ್ಮಗಳ ಮದುವೆ ಜಂಪರ. ತೋಳಿನ ಸುತ್ತ ಸಾಲಾಗಿ ಆನೆ. ಆಯಿ ಬಂದರು, ಚಾ ಕುಡಿದರು, ಜಂಪರ ತಿರುವಿದರು.

“ಏನ ಬೇ ಕಸ್ತೂರಿ, ಆನಿ ಹೊಟ್ಟ್ಯಾಗ ಇಷ್ಟ ಗಂಟು?”

ಕಸೂತಿಯಲ್ಲಿ ಗವಂತಿ ಎಂಬ ಹೊಲಿಗೆ ಇದೆ. ಅದಕ್ಕೆ ಹಿಂದು ಮುಂದು ಎಂಬುದಿಲ್ಲ. ಎರಡೂ ಕಡೆ ಒಂದೇ ಚಿತ್ರ ಕಾಣಬೇಕು, ಗಂಟು ಎಲ್ಲಿಯೂ ಸಿಗಬಾರದು. ಆಯಿ ತಮ್ಮ ಹೆಣ್ಣುಮಕ್ಕಳಿಗೆಲ್ಲ ಹಾಗೆಯೇ ಹಾಕಿ ಕಳಿಸಿದವರು. ಈಗ ಕಣ್ಣು ಸಾಲದೆಂದು ತಂಗಿಯ ಹತ್ತಿರ ಬಂದಿದ್ದರು.

“ಮಷೀನ ಹಂಗ ಹಾಕತೈತ್ರಿ ಆಯಿ, ನನ್ನ ಕೈಯಾಗ ಏನಿಲ್ಲ,” ಎಂದಳು ಕಸ್ತೂರಿ.

“ಹಂಗಾರ ಧಾರವಾಡಕ್ಕ ಕೊಡತೇನಿ. ಅಲ್ಲಿ ಕೈ ಅದಾವ.”

ತಂಗಿಯ ಮುಖ ಬಾಡಿತು. ಆಯಿ ಒಬ್ಬರೇ ಹೋಗುವವರಲ್ಲ. ಅವರು ಹೋದರೆ ನಿಡೋಣಿಯ ಮದುವೆಗಳೆಲ್ಲ ಅವರ ಹಿಂದೆಯೇ ಹೋಗುತ್ತವೆ. ಮೂಲೆಯಲ್ಲಿ ಚಾ ಹಿಡಿದು ಕೂತಿದ್ದ ನನ್ನ ಬಾಯಿ ಸುಮ್ಮನಿರಲಿಲ್ಲ. “ಸೋಮವಾರದ ತನಕಾ ತಾಳ್ರಿ ಆಯಿ, ಗಂಟಿಲ್ಲದ ಆನಿ ಕೊಡತೀವಿ,” ಎಂದೆ. ಆಯಿ ನನ್ನನ್ನು ಮೇಲಿಂದ ಕೆಳಗೆ ನೋಡಿ ಇನ್ನೊಂದು ಜಂಪರ ಪೀಸು ಟೇಬಲ್ಲಿನ ಮೇಲಿಟ್ಟರು. “ಇದ ಕಡೀದು ತಮ್ಮಾ,” ಎಂದು ಹೇಳಿ ಬಸ್ಸಿಗೆ ಹೊರಟರು.

ತಂಗಿಯ ತಪ್ಪೇನೂ ಇರಲಿಲ್ಲ. ಮಷೀನಿನ ಜೊತೆ ಬಂದ ಸಾಫ್ಟ್‌ವೇರ್ ಪ್ರತಿ ತಿರುವಿನಲ್ಲೂ ದಾರ ಕತ್ತರಿಸಿ ಗಂಟು ಹಾಕುತ್ತಿತ್ತು. ಅದನ್ನು ತಿದ್ದೋಣವೆಂದರೆ ಮಾಡಿದ ಕಂಪನಿಯೇ ಎಂದೋ ಮುಚ್ಚಿಹೋಗಿತ್ತು. ಆದರೆ ಅದರ ಫೋಲ್ಡರಿನೊಳಗೆ ಒಂದು ಲೈಬ್ರರಿ ಫೈಲ್ ಇತ್ತು. ಸೂಜಿಯನ್ನು ಎತ್ತಿ ಇಳಿಸುವ ನಿಜವಾದ ಕೆಲಸ ಅದರದು. ಸಾಫ್ಟ್‌ವೇರ್ ಬರೀ ಹೇಳುವುದು, ಮಾಡುವುದು ಈ ಫೈಲ್. ಇದನ್ನು ಯಾವ ಪ್ರೋಗ್ರಾಮು ಬೇಕಾದರೂ ಕರೆದು ಕೆಲಸ ಹೇಳಬಹುದು. ನಮ್ಮ ಓಣಿಯಲ್ಲಿ ಶಾವಿಗೆ ಮಷೀನು ಒಂದೇ ಇತ್ತು. ಬೇಸಿಗೆಯಲ್ಲಿ ಅದು ಮನೆಯಿಂದ ಮನೆಗೆ ತಿರುಗುತ್ತಿತ್ತು. ಹಿಟ್ಟು ಅವರವರದು, ಹಿಡಿಕೆ ತಿರುಗಿಸುವುದು ಎಲ್ಲರಿಗೂ ಒಂದೇ. ಹಾಗೆ ನನ್ನ ಹಿಟ್ಟನ್ನು ನಾನೇ ನಾದುವೆನೆಂದು ನಿರ್ಧರಿಸಿದೆ. ಅಂದರೆ ಆನೆಯ ದಾರಿಯನ್ನು ಪೈಥಾನ್ ಎಂಬ ಕಂಪ್ಯೂಟರ್ ಭಾಷೆಯಲ್ಲಿ ನಾನು ಬರೆಯುವುದು, ಸೂಜಿ ಆಡಿಸಲು ಆ ಫೈಲನ್ನು ಕರೆಯುವುದು.

ಕರೆದೆ. “ಫೈಲ್ ಸಿಗಲಿಲ್ಲ” ಎಂದಿತು ಕಂಪ್ಯೂಟರು. ಫೈಲ್ ನನ್ನ ಕಣ್ಣೆದುರಿಗೇ ಇತ್ತು. ಅದರ ಹೆಸರನ್ನು ಬೆರಳಿಟ್ಟು ಓದಿದೆ, ಜಾಗ ಬದಲಿಸಿದೆ, ಯಂತ್ರಕ್ಕೆ ಬೈದೆ. ವಿದ್ಯಾರ್ಥಿಗಳು ಯಂತ್ರಕ್ಕೆ ಬೈದರೆ ಬುದ್ಧಿ ಹೇಳುವವನು ನಾನೇ. ಕೊನೆಗೆ ನನ್ನ ಮದುವೆ ನೆನಪಾಯಿತು. ಬಬಲೇಶ್ವರದ ದೊಡ್ಡವ್ವ ಚಪ್ಪರದ ಬಾಗಿಲಿನ ತನಕ ಬಂದು ನಿಂತಳು, ಒಳಗೆ ಬರಲೊಲ್ಲಳು. “ನಮ್ಮ ನೆಗೆಣ್ಣಿಗೆ ಯಾರೂ ಹೇಳಿಲ್ಲಲ್ಲೋ,” ಎಂದಳು. ಅಪ್ಪ ಜೀಪು ಕಳಿಸಿ ಆ ನೆಗೆಣ್ಣಿಯನ್ನು, ಅಂದರೆ ಅವಳ ಓರಗಿತ್ತಿಯನ್ನು, ಕರೆಸಿದ ಮೇಲೆ ಇಬ್ಬರೂ ನಗುತ್ತ ಒಳಗೆ ಬಂದರು. ಇಲ್ಲಿಯೂ ಅದೇ ನಡೆದಿತ್ತು. ಈ ಫೈಲ್ ಇನ್ನೊಂದು ಫೈಲನ್ನು ನೆಚ್ಚಿಕೊಂಡಿತ್ತು, ಹಳೆಯ ಸಾಫ್ಟ್‌ವೇರ್ ಅದನ್ನು ತನ್ನೊಳಗೇ ಅಡಗಿಸಿಟ್ಟುಕೊಂಡಿತ್ತು, ಬಿಡಿಯಾಗಿ ಅದು ನಮ್ಮ ಕಂಪ್ಯೂಟರಿನಲ್ಲಿ ಇರಲೇ ಇಲ್ಲ. ಸಿಗದಿದ್ದದ್ದು ಅದು. ಯಂತ್ರ ಮಾತ್ರ ಯಾರು ಬಂದಿಲ್ಲವೆಂದು ಬಿಡಿಸಿ ಹೇಳದೆ, ದೊಡ್ಡವ್ವನನ್ನೇ ಬಂದಿಲ್ಲವೆಂದು ಬರೆದುಕೊಂಡಿತ್ತು.

ಮಷೀನು ಮೊದಲು ಓಡುತ್ತಿದ್ದ ಕಂಪ್ಯೂಟರಿನಲ್ಲಿ ಆ ಬಿಡಿ ಫೈಲ್ ಇರಬಹುದೆಂದು ಟಿಕೋಟಾದ ಬಸ್ಸು ಹತ್ತಿದೆ. ಮಷೀನು ಮಾರಿದವರ ಹಳೆಯ ಕಂಪ್ಯೂಟರು ಅವರ ಮನೆಯ ಅಟ್ಟದ ಮೇಲೆ, ದ್ರಾಕ್ಷಿ ತುಂಬುವ ಖಾಲಿ ಡಬ್ಬಿಗಳ ನಡುವೆ ಕೂತಿತ್ತು. ಮನೆಯವರು ಅದನ್ನು ಇಳಿಸಿ ಒರೆಸಿ, “ಇದಕ್ಕ ಜೀವ ಐತೋ ಇಲ್ಲೋ ಸರ್,” ಎಂದರು. ಜೀವ ಇತ್ತು. ನೆಗೆಣ್ಣಿಯನ್ನು ಪೆನ್‌ಡ್ರೈವಿನಲ್ಲಿ ಹಾಕಿಕೊಂಡು, ಅವರು ಕೊಟ್ಟ ಒಣದ್ರಾಕ್ಷಿಯನ್ನು ಜೇಬಿಗೆ ತುಂಬಿಕೊಂಡು ವಿಜಯಪುರಕ್ಕೆ ಮರಳಿದೆ.

ಈ ಸಲ ಸೂಜಿ ಆಡಿತು. ಹರಕು ಬಟ್ಟೆಯ ಮೇಲೆ ಟಕಟಕ ಹೊಡೆದು ಸಪ್ಪಳವಿಲ್ಲದೆ ನಿಂತಿತು. ನಾನು ಎದೆಯುಬ್ಬಿಸಿ ತಂಗಿಯನ್ನು ಕರೆದೆ. ಅವಳು ಬಗ್ಗಿದಳು, ಕನ್ನಡಕ ಹಾಕಿಕೊಂಡು ಇನ್ನೊಮ್ಮೆ ಬಗ್ಗಿದಳು.

“ಅಣ್ಣಾ, ಆನಿ ಹಾಕಂದ್ರ ಇರಬಿ ಹಾಕೀಯಲ್ಲೋ.”

ನಾನು ಮಿಲಿಮೀಟರಿನಲ್ಲಿ ಹೇಳಿದ್ದೆ, ಲೈಬ್ರರಿ ಅದರ ಹತ್ತರಲ್ಲೊಂದು ಭಾಗದ ಲೆಕ್ಕದಲ್ಲಿ ಕೇಳಿಸಿಕೊಂಡಿತ್ತು. ತಪ್ಪು ಯಾರದೂ ಅಲ್ಲ, ಅಳತೆಯ ಮಾತು ಮೊದಲೇ ಆಗಿರಲಿಲ್ಲ ಅಷ್ಟೆ. ಅವಳು ಇರುವೆಯಷ್ಟಿದ್ದ ಆ ಇರಬಿಯಾನೆಯನ್ನು ಗೋಡೆಗೆ ಗುಂಡುಪಿನ್ನಿನಿಂದ ಚುಚ್ಚಿದಳು. ಬಂದ ಗಿರಾಕಿಗಳಿಗೆಲ್ಲ “ನಮ್ಮಣ್ಣನ ಆನಿ ನೋಡ್ರಿ” ಎಂದು ತೋರಿಸಿದಳು. ನನಗೆ ಸಿಟ್ಟು ಬಂತು. ಸಿಟ್ಟು ಬಂದರೆ ನನ್ನ ಕೆಲಸ ಚೆನ್ನಾಗಿ ಆಗುತ್ತದೆ.

ಉಳಿದದ್ದು ಗಂಟು. ಗವಂತಿ ಹಾಕುವವರ ಸೂಜಿ ಹೋಗುವಾಗ ಒಂದು ಹೊಲಿಗೆ ಬಿಟ್ಟು ಒಂದು ಹಾಕುತ್ತ ಹೋಗುತ್ತದೆ. ಬರುವಾಗ ಬಿಟ್ಟ ಜಾಗಗಳನ್ನೆಲ್ಲ ತುಂಬುತ್ತ ಹೊರಟಲ್ಲಿಗೇ ಬಂದು ನಿಲ್ಲುತ್ತದೆ. ಲಗ್ನಪತ್ರಿಕೆ ಹಂಚುವವರು ಪ್ರತಿ ಓಣಿಗೆ ಹೋಗಿ, ಅದೇ ಓಣಿಯಿಂದ ಹೊರಬಿದ್ದು, ಮುಂದಿನದಕ್ಕೆ ನಡೆಯುತ್ತಾರಲ್ಲ, ಅದೇ ಲೆಕ್ಕ. ಪ್ರತಿ ಗೆರೆಯ ಮೇಲೂ ಒಮ್ಮೆ ಹೋಗಿ ಒಮ್ಮೆ ಬಂದರೆ ಯಾವ ಗೆರೆಯೂ ಉಳಿಯುವುದಿಲ್ಲ, ದಾರ ಎಲ್ಲಿಯೂ ಕತ್ತರಿಸಬೇಕಿಲ್ಲ. ಸೊಂಡಿಲಿಗೆ ಹೋಗಿ ಬಾ, ಬಾಲಕ್ಕೆ ಹೋಗಿ ಬಾ, ಅಂಬಾರಿ ಹತ್ತಿ ಇಳಿ ಎಂದು ನನ್ನ ಪ್ರೋಗ್ರಾಮಿಗೆ ಹೇಳಿಕೊಟ್ಟೆ. ಸೊಂಡಿಲಿನಿಂದ ಮರಳಲು ಅದು ಮರೆತಾಗ ಮತ್ತೆ ಬರೆದೆ. ಹರಕು ಬಟ್ಟೆ ಮುಗಿಯಿತು, ನನ್ನ ಹಳೆಯ ಪಂಚೆ ಹೋಯಿತು. ನಾನು ಬಿಡಲಿಲ್ಲ. ಕಸ್ತೂರಿ ಕೆಳಗಿನ ಬಾಬಿನ್ನಿಗೂ ಮೇಲಿನದೇ ಬಣ್ಣದ ದಾರ ಸುತ್ತಿದಳು. ಪಂಚೆಯ ಕೊನೆಯ ತುಂಡನ್ನು ಇಬ್ಬರೂ ತಿರುವಿ ತಿರುವಿ ನೋಡಿ, ಮುಂಬದಿ ಯಾವುದೆಂದು ಜಗಳಾಡಿದೆವು.

ಒಂದು ಗಂಟು ಮಾತ್ರ ಹೋಗಲೊಲ್ಲದು. ದಾರ ಶುರುವಾಗುವಲ್ಲಿ ಮಷೀನು ಅದನ್ನು ಬಿಗಿಯಲೇಬೇಕು; ಆ ಲೈಬ್ರರಿಯೊಳಗೆ ನನ್ನ ಮಾತು ನಡೆಯುವುದಿಲ್ಲ. ತಂಗಿ ತುಸು ಯೋಚಿಸಿ, ಆನೆಗಳ ಕಾಲ ಕೆಳಗಿನ ಗೆರೆಯನ್ನು ತೋಳಿನ ಹೊಲಿಗೆಯ ತನಕ ಎಳೆಯಲು ಹೇಳಿದಳು. ಜಂಪರ ಹೊಲಿದಾಗ ಗಂಟು ಆ ಹೊಲಿಗೆಯ ಮಡಿಕೆಯೊಳಗೆ ಸೇರಿಕೊಳ್ಳುತ್ತದೆ. ಆಯಿ ಕೊಟ್ಟ ಕೊನೆಯ ಪೀಸನ್ನು ಅವಳೇ ಮಷೀನಿಗೆ ಏರಿಸಿದಳು. ಜೇಬಿನಲ್ಲಿ ಉಳಿದಿದ್ದ ಒಣದ್ರಾಕ್ಷಿಯನ್ನು ನಾನು ಒಂದೊಂದಾಗಿ ತಿಂದು ಮುಗಿಸಿದೆ.

ಸೋಮವಾರ ಆಯಿ ಬಂದರು. ಚಾ ಕುಡಿಯಲಿಲ್ಲ. ಜಂಪರ ಹಿಡಿದು ನೇರ ತಿರುವಿದರು, ಬಾಗಿಲ ಬೆಳಕಿಗೆ ಹೋದರು. ಕಣ್ಣು ಸಾಲದ್ದಕ್ಕೆ ಹೆಬ್ಬೆರಳಿನಿಂದ ನೋಡತೊಡಗಿದರು. ಬೆರಳು ಒಂದು ಆನೆ ದಾಟಿತು, ಇನ್ನೊಂದು ದಾಟಿತು. ಕಸ್ತೂರಿ ನನ್ನ ಕಡೆ ನೋಡಲಿಲ್ಲ. ಬೆರಳು ಸಾಲಿನ ಕೊನೆಗೆ ಹೋಗಿ, ತೋಳಿನ ಹೊಲಿಗೆಯ ಹತ್ತಿರ ನಿಂತುಬಿಟ್ಟಿತು. ಮಡಿಕೆಯನ್ನು ಉಗುರಿನಿಂದ ಮೆಲ್ಲಗೆ ಬಿಡಿಸಿದರು.

“ಇಲ್ಲಿ ಒಂದ ಐತಿ,” ಎಂದರು.

ನಾನು ಲೈಬ್ರರಿ, ಕಂಪನಿ, ನೆಗೆಣ್ಣಿ ಎಲ್ಲವನ್ನೂ ವಿವರಿಸಲು ಬಾಯಿ ತೆರೆದೆ. ಆಯಿ ಕೇಳಿಸಿಕೊಳ್ಳಲಿಲ್ಲ. ಅತ್ತಿತ್ತ ನೋಡಿ, ಬೇರೆ ಯಾವ ಹೆಂಗಸೂ ಅಂಗಡಿಯಲ್ಲಿಲ್ಲವೆಂದು ಖಾತ್ರಿ ಮಾಡಿಕೊಂಡು, ಮಡಿಕೆಯನ್ನು ಮೊದಲಿನಂತೆ ಮುಚ್ಚಿದರು.

“ನಾನೂ ಅಲ್ಲೇ ಬಚ್ಚಿಡತಿದ್ದೆ,” ಎಂದರು. “ಯಾರ ಮುಂದೂ ಹೇಳಬ್ಯಾಡ್ರಿ.”

ಆಮೇಲೆ ಕೂತು ಚಾ ಕುಡಿದರು. ಹೋಗುವಾಗ ಗೋಡೆಯ ಮೇಲಿನ ಇರಬಿಯಾನೆಯನ್ನು ನೋಡಿ ಇದು ಯಾವ ಪ್ರಾಣಿಯೆಂದು ಕೇಳಿದರು, ಸೊಸೆಗೂ ಒಂದು ಜಂಪರ ಬೇಕೆಂದು ಹೇಳಿದರು. ಅದಕ್ಕೆ ನವಿಲು ಬೇಕಂತೆ. ನವಿಲಿನ ಪ್ರತಿ ಗರಿಗೂ ಹೋಗಿ ಬರಬೇಕು, ಆನೆಯ ಹಾಗಲ್ಲ. ಕಾಲೇಜಿಗೆ ಒಂದು ದಿನ ರಜೆ ಹಾಕಿ, ಬೀರುವಿನಿಂದ ಇನ್ನೊಂದು ಹಳೆಯ ಪಂಚೆ ತೆಗೆದಿಟ್ಟುಕೊಂಡು ಕೂತಿದ್ದೇನೆ. ಗಂಟು ಎಲ್ಲಿ ಬಚ್ಚಿಡಬೇಕೆಂಬುದಂತೂ ಈಗ ಗೊತ್ತಾಗಿದೆ.