ಅಂಬಾದಾಸನ ನೀಲಿ ಗೆರೆ

ಬೇಗಂಪೇಟೆಯ ಕಂಪನಿಯೊಂದರಲ್ಲಿ ಕುಳಿತು ಫೋನಿನ ನಕ್ಷೆಯ ದಾರಿಗಳಿಗೆ ಬಣ್ಣ ಹಚ್ಚುವ ಅಂಬಾದಾಸನಿಗೆ ಲೋಕದಲ್ಲಿ ಯಾವ ಗೆರೆಯೂ ಸರಿಯಿಲ್ಲ. ಹೆಂಡತಿ ಸುವರ್ಣಾ ರಂಗೋಲಿ ಹಾಕಿದರೆ "ಭಾಳ ದಪ್ಪ ಆತು" ಎನ್ನುತ್ತಾನೆ. ಬೈತಲೆ ತೆಗೆದರೆ "ತಿರುವಿನ್ಯಾಗ ನುಣುಪಿಲ್ಲ" ಎನ್ನುತ್ತಾನೆ. ಅವಳು ಬಾಚಣಿಗೆ ಎಸೆದದ್ದೂ ಉಂಟು. ಅವನ ನಕ್ಷೆಯಲ್ಲಿ ಹೋಗುವ ದಾರಿ ನೀಲಿ, ಅದರ ಅಂಚು ಬಿಳಿ, ಮೂಲೆಗಳೆಲ್ಲ ದುಂಡಗೆ. ಹನ್ನೊಂದು ನೀಲಿಗಳಲ್ಲಿ ಒಂದನ್ನು ಅವನು ಆರಿಸುವಷ್ಟರಲ್ಲಿ ಕೂಕಟ್‌ಪಲ್ಲಿಯಲ್ಲಿ ಐದಂತಸ್ತಿನ ಅಪಾರ್ಟ್‌ಮೆಂಟೊಂದು ಎದ್ದು ನಿಂತಿತ್ತು. ಅವ್ವ ರಸ್ತೆ ಇಲಾಖೆಯಲ್ಲಿದ್ದಳೆಂದು ಆಫೀಸಿನಲ್ಲಿ ಗತ್ತಿನಿಂದ ಹೇಳಿಕೊಂಡಿದ್ದಾನೆ. ಆ ಅವ್ವ ಯಂಕಮ್ಮ ಇದೇ ಊರಿನ ರಸ್ತೆಗಳಿಗೆ ಇಪ್ಪತ್ತು ವರ್ಷ ಡಾಂಬರು ಬೆರೆಸಿದ ಬಿಸಿ ಜಲ್ಲಿ ಹೊತ್ತವಳು. ಮೊನ್ನೆ ಕನ್ನಡ ಬಾರದ ಸಹೋದ್ಯೋಗಿಗಳು ಮನೆಗೆ ಬಂದಾಗ ಅವನು ಬೇಗಂಪೇಟೆಯಿಂದ ಕೂಕಟ್‌ಪಲ್ಲಿಗೆ ಹರಿದ ತನ್ನ ನೀಲಿ ಗೆರೆಯನ್ನು ಜಾಗಗಳ ಹೆಸರು ಹೇಳುತ್ತ ಫೋನಿನಲ್ಲಿ ತೋರಿಸುತ್ತಿದ್ದ. ಯಂಕಮ್ಮ ಬಗ್ಗಿ ನೋಡಿ, "ಇದು ನಾವು ಹಾಕಿದ ರೋಡ್ ಅಲ್ಲೇನೋ? ಕರ್ರಗಿತ್ತಲ್ಲೋ! ನನ್ನ ಕಾಲು ಸುಟ್ಟಿದ್ವಲ್ಲೋ ಅಲ್ಲಿ" ಎಂದಳು. ಏನಂದರೆಂದು ಅವರು ಕೇಳಿದರು. ಅವ್ವನಿಗೆ ಬಣ್ಣ ತುಂಬಾ ಹಿಡಿಸಿದೆಯಂತೆ ಎಂದು ಅಂಬಾದಾಸ ಇಂಗ್ಲಿಷಿನಲ್ಲಿ ಹೇಳಿದ. ಅವರೆಲ್ಲ ಅವಳತ್ತ ತಿರುಗಿ ತಲೆದೂಗಿದರು. ಮಗ ತನ್ನ ಮಾತನ್ನೇ ಅವರಿಗೆ ಮುಟ್ಟಿಸಿದನೆಂದು ನಂಬಿದ ಯಂಕಮ್ಮ ಸೀರೆ ತುಸು ಸರಿಸಿ, ಸುಟ್ಟ ಕಲೆಗಳ ಎರಡೂ ಪಾದಗಳನ್ನು ಅವರೆದುರು ಚಾಚಿ ತೋರಿಸಿದಳು.