ಮೂಕ ಸುದ್ದಿಗೆ ಸರ್ವಕ್ಕನ ಮಾತು

ಸರ್ವಕ್ಕ ಮೊಬೈಲಿನೊಳಗಿನ ಹೆಂಗಸಿಗೆ ಕೈ ಬೀಸುತ್ತಿದ್ದರು. ಅವಳು ಸತ್ತು ಎಷ್ಟೋ ಕಾಲವಾಗಿದೆಯೆಂದು ಅವರಿಗೂ ಗೊತ್ತಿತ್ತು. "ಆಯಮ್ಮ ಕೈ ಎತ್ಯಾಳೆ. ನಾವು ಸುಮ್ಕೆ ಕುಂತ್ರೆ ಏನ್ ತಿಳ್ಕಂತಾಳೆ?" ಎನ್ನುತ್ತಿದ್ದರು.

ಚನ್ನಗಿರಿಯಲ್ಲಿ ಅವರದು ನಮ್ಮ ಪಕ್ಕದ ಬಾಡಿಗೆ ಮನೆ. ಒಬ್ಬರೇ ಇದ್ದರು. ನಡುವಯಸ್ಸಿನಲ್ಲಿ ಬಂದ ಜ್ವರವೊಂದು ಕಿವಿಯನ್ನು ಪೂರ್ತಿ ಕಿತ್ತುಕೊಂಡಿತ್ತು. ಬಂದವರು ಎರಡು ಮಾತು ಕೂಗಿ, ಸಾಕಾಗಿ, ಆಮೇಲೆ ತಮ್ಮತಮ್ಮಲ್ಲೇ ಮಾತಾಡಿಕೊಳ್ಳುತ್ತಿದ್ದರು. ಅವರು ನಕ್ಕಾಗ ಸರ್ವಕ್ಕನೂ ನಗುತ್ತಿದ್ದರು, ಒಂದು ಗಳಿಗೆ ತಡವಾಗಿ.

ಯಜಮಾನರು ಅಂಗಡಿಗೆ ಹೋದ ಮೇಲೆ ನನಗೂ ಮನೆ ಖಾಲಿ. ಒಂದು ಮಧ್ಯಾಹ್ನ ಮೊಬೈಲಿನಲ್ಲಿ ಮೂಕಿ ಕಾಲದ ಸುದ್ದಿಚಿತ್ರವೊಂದು ಸಿಕ್ಕಿತು. ಸರ್ವಕ್ಕನನ್ನು ಕರೆದು ಪಕ್ಕದಲ್ಲಿ ಕೂರಿಸಿಕೊಂಡೆ. ಯಾವುದೋ ದೇಶದಲ್ಲಿ ಸೇತುವೆಯ ಉದ್ಘಾಟನೆ. ನಡುವೆ ಇಂಗ್ಲಿಷ್ ಬರಹ ಬಂದಾಗ, ಕಾನ್ವೆಂಟಿನಲ್ಲಿ ಓದಿದ ನಾನು, ಅವರು ನೋಡಿ ತಿಳಿಯುವಂತೆ ತುಟಿಯನ್ನು ನಿಧಾನವಾಗಿ ಆಡಿಸಿ ಅರ್ಥ ಹೇಳಿದೆ: ಮಂತ್ರಿಗಳು ಟೇಪು ಕತ್ತರಿಸುತ್ತಿದ್ದಾರೆ.

"ಮಂತ್ರಿ ಕಟ್ಕಂಡು ನಮಗೇನು? ಮೂಲೇಲಿ ಬುಟ್ಟಿ ಹಿಡ್ಕಂಡು ನಿಂತಾಳಲ್ಲ, ಆಯಮ್ಮ ಏನಂತಾಳೆ ಗೊತ್ತೈತಾ? 'ಬೇಗ ಕತ್ತರಿಸ್ರೀ, ಒಲೆ ಮ್ಯಾಲೆ ಹಾಲಿಟ್ಟು ಬಂದೀನಿ' ಅಂತ!"

ಕೊನೆಯಲ್ಲಿ ಆ ಬುಟ್ಟಿಯವಳು ಕ್ಯಾಮೆರಾದತ್ತ ಕೈ ಎತ್ತಿದಳು. ಸರ್ವಕ್ಕನೂ ಎತ್ತಿದರು.

ಅಂದಿನಿಂದ ದಿನಾ ಬಂದರು. ಮೀನಿನ ಸಂತೆಯವರು, ಹಿಮದಲ್ಲಿ ಜಾರುವ ಮಕ್ಕಳು, ಕುದುರೆಗೆ ಲಾಳ ಹೊಡೆಯುವವನು, ಎಲ್ಲರಿಗೂ ಚನ್ನಗಿರಿಯ ಮಾತು ಬಂತು.

ಒಮ್ಮೆ ಅದೇ ಸೇತುವೆಯ ಚಿತ್ರಕ್ಕೆ ಯಾರೋ ಪಿಯಾನೋ ಸೇರಿಸಿದ್ದು ಸಿಕ್ಕಿತು. ಚೆನ್ನಾಗಿತ್ತು. ಸರ್ವಕ್ಕ ಮೊಬೈಲು ಬಿಟ್ಟು ನನ್ನ ಪಾದ ನೋಡಿದರು.

"ನಿನ್ ಕಾಲು ಕುಣೀತೈತೆ. ಹಾಡು ಹಾಕ್ಯಾರೇನು?"

ಹೌದೆಂದು ತಲೆಯಾಡಿಸಿದೆ.

"ಆರ್ಸು ತಂಗಿ. ಜೊತೀಗೆ ನೋಡಾಕೆ ಬಂದೀನಿ. ನೀನೊಬ್ಳೇ ಎಲ್ಲಿಗೆ ಹೋಗ್ತೀಯ?"

ಸದ್ದು ಆರಿಸಿದೆ. ಅವರು ಮತ್ತೆ ನನ್ನ ಭುಜಕ್ಕೆ ಒರಗಿ ಕುಳಿತರು.

ಹೋದ ಬೇಸಿಗೆಯಲ್ಲಿ ಸರ್ವಕ್ಕನ ಜಗಳೂರಿನ ತಂಗಿ ಅವರನ್ನು ತಮ್ಮ ಮನೆಗೆ ಕರೆಸಿಕೊಂಡರು. ಬಸ್ ಸ್ಟ್ಯಾಂಡಿನಲ್ಲಿ ಕಿಟಕಿಯ ಗಾಜು ಎಷ್ಟು ತಳ್ಳಿದರೂ ಸರಿಯಲಿಲ್ಲ. ಗಾಜಿನಾಚೆ ಅವರ ತುಟಿ ಆಡಿತು. ಎಂಜಿನ್ನಿನ ಗದ್ದಲದಲ್ಲಿ ನನಗೆ ಒಂದಕ್ಷರವೂ ಕೇಳಿಸಲಿಲ್ಲ. ಬಸ್ಸು ಹೊರಟಾಗ ಕೈ ಎತ್ತಿದರು. ನಾನೂ ಎತ್ತಿದೆ.

ತಂಗಿಗೆ ಫೋನ್ ಮಾಡಿದರೆ, "ಅಕ್ಕ ಚೆನ್ನಾಗೈದಾಳ್ರೀ. ಮಾತೇ ಇಲ್ಲ, ಸುಮ್ಕೆ ಕುಂತಿರ್ತಾಳೆ" ಎನ್ನುತ್ತಾರೆ.

ಮಧ್ಯಾಹ್ನ ಸದ್ದು ಆರಿಸಿಯೇ ಸೇತುವೆಯ ಚಿತ್ರ ಹಾಕುತ್ತೇನೆ. ಬುಟ್ಟಿಯವಳ ಮಾತು ನನಗೆ ಬಾಯಿಪಾಠ. ಬಸ್ಸಿನ ಗಾಜಿನಾಚೆಯ ಆ ತುಟಿಗೆ ಮಾತ್ರ ನಾನು ಯಾವ ಮಾತಿಟ್ಟರೂ ಹೊಂದುವುದಿಲ್ಲ.